ಬೀಗ ಬೀಳುವ ಮೊದಲು ಮುಟ್ಟಬೇಕು

ದಾಂಡೇಲಿ, ಕಾಶೆವ್ವ ಚಿಕ್ಕಮ್ಮನ ಮನೆ
ಭಾನುವಾರ, ೮ ಫೆಬ್ರವರಿ ೨೦೨೬

ಪ್ರೀತಿಯ ಅಪ್ಪಾ,

ನಿನ್ನ ಶಿವಗಂಗಾಳ ಶರಣು. ಮೊಣಕಾಲು ಹೇಗಿದೆ? ಹಳಿಯಾಳದ ಡಾಕ್ಟರು ಕೊಟ್ಟ ಎಣ್ಣೆಯನ್ನು ನೀನೇ ಹಚ್ಚಿಕೊಳ್ಳುತ್ತೀಯೋ, ಎತ್ತಿನ ಕಾಲಿಗೆ ಸವರಿ ಮುಗಿಸಿದೆಯೋ? ಅವ್ವನ ಕೆಮ್ಮು ಇಳಿಯಿತೇ? ಕಬ್ಬು ಕಡಿಯುವವರು ಬಂದರೇ? ಫೋನು ಬಿಟ್ಟು ಕಾಗದ ಯಾಕೆ ಬರೆದಳು ಎಂದು ಸಿಟ್ಟಾಗಬೇಡ. ನೀನು ಫೋನನ್ನು ಸ್ಪೀಕರಿಗೆ ಹಾಕಿ ಕಟ್ಟೆಯ ಮೇಲೆ ಕೂತು ಊರಿಗೆಲ್ಲ ಕೇಳಿಸುವವನು. ಜೈಲಿನ ಕ್ವಾರ್ಟರ್ಸಿನಲ್ಲಿ ಪಕ್ಕದ ಮನೆಯವರ ಉಸಿರೂ ಕೇಳುತ್ತದೆ. ಅದಕ್ಕೇ ರಾತ್ರಿಪಾಳಿ ಮುಗಿಸಿ, ಹಗಲಿನ ಬಿಡುವಿಗೆ ಇಲ್ಲಿಗೆ ಬಂದು ಬರೆಯುತ್ತಿದ್ದೇನೆ. ಚಿಕ್ಕಮ್ಮ ರೊಟ್ಟಿ ಬಡಿಯುತ್ತ, ಯಾಕ ಇಷ್ಟು ಸೊರಗಿದಿ ಎಂದು ಮತ್ತೆ ಮತ್ತೆ ಕೇಳುತ್ತಿದ್ದಾಳೆ.

ನನಗೆ ವಾರ್ಡರ್ ನೌಕರಿ ಸಿಕ್ಕಾಗ ನೀನು ಊರಿಗೆಲ್ಲ ಪೇಢೆ ಹಂಚಿದೆ. ಮಗಳ ಕೈಯಲ್ಲಿ ಸರಕಾರದ ಕೀಲಿ ಎಂದು ಹೆಮ್ಮೆಪಟ್ಟೆ. ಆ ಕೀಲಿಯ ಸಂಗತಿ ನಿನಗೆ ಹೇಳಿಯೇ ಇಲ್ಲ. ಹೆಂಗಸರ ಬ್ಯಾರಕ್ಕಿನ ಕೀಲಿ ನನ್ನ ಸೊಂಟದಲ್ಲಿರುತ್ತದೆ, ನಿಜ. ಆದರೆ ಸಂಜೆ ಎಣಿಕೆ ಮುಗಿದ ಮೇಲೆ ಬ್ಯಾರಕ್ಕಿನ ಅಂಗಳದ ಬಾಗಿಲಿಗೆ ಹೊರಗಿನಿಂದ ಬೀಗ ಬೀಳುತ್ತದೆ. ಅದರ ಕೀಲಿ ಮುಖ್ಯ ಗೇಟಿಗೆ ಹೋಗುತ್ತದೆ. ಬೆಳಗಾಗುವ ತನಕ ನಾನೂ ಒಳಗೇ. ಮೊಬೈಲು ಒಯ್ಯುವಂತಿಲ್ಲ. ಒಂದು ಗಂಟೆ ಇದೆ, ಬಾರಿಸಬೇಕು, ಹೊರಗಿನವನು ಮನಸ್ಸು ಮಾಡಿದರೆ ಬರುತ್ತಾನೆ. ಕುಂಬಾರವಾಡ ಕಡೆಯ ಮಹಾದೇವಕ್ಕ ಎಂಬ ಮುದುಕಿ, ಕಳ್ಳಭಟ್ಟಿ ಕೇಸಿನವಳು, ನನ್ನನ್ನು ಕಾಡುತ್ತಿದ್ದಳು: "ಬಾಯಾರ, ನೀವೂ ನಮ್ಮ ಗತೇನ ಕೈದಿ. ನಿಮಗ ಪಗಾರ ಐತಿ, ನಮಗ ತಾರೀಖು ಐತಿ, ಅಷ್ಟ." ಎಲ್ಲರೂ ನಗುತ್ತಿದ್ದರು, ನಾನೂ ನಗುತ್ತಿದ್ದೆ.

ಕಳೆದ ಮಂಗಳವಾರ ಬೀಗ ಬಿದ್ದ ಸ್ವಲ್ಪ ಹೊತ್ತಿಗೆ ಮಹಾದೇವಕ್ಕ ಎದೆ ಹಿಡಿದುಕೊಂಡು ಕೂತಳು. ನಾನು ಗಂಟೆ ಬಾರಿಸಿದೆ. ಗೇಟಿನವನು ಬಂದು ಕಿಂಡಿಯಿಂದ ನೋಡಿ, ಆಸ್ಪತ್ರೆಗೆ ಒಯ್ಯಲು ಪೊಲೀಸ್ ಎಸ್ಕಾರ್ಟ್ ಬೇಕು, ಎಸ್ಕಾರ್ಟ್ ಇಲ್ಲ ಎಂದ. ಮತ್ತೆ ಬಾರಿಸಿದೆ. ಜೈಲಿನ ಸಾಹೇಬರು ಮಲಗಿದ್ದಾರೆ ಎಂದ. ಕೈ ಸೋಲುವ ತನಕ ಬಾರಿಸಿದೆ ಅಪ್ಪಾ, ಆಮೇಲೆ ಅವನು ಬರುವುದನ್ನೇ ಬಿಟ್ಟ. ದುರ್ಗಾ ಎಂಬ ಬಸುರಿ ಹುಡುಗಿ ಮುದುಕಿಯ ತಲೆಯನ್ನು ತೊಡೆಯ ಮೇಲಿಟ್ಟುಕೊಂಡು ಕೂತಿದ್ದಳು. ಬೆಳಿಗ್ಗೆ ಬಾಗಿಲು ತೆರೆದಾಗಲೂ ಹಾಗೇ ಕೂತಿದ್ದಳು. ಮುದುಕಿಯ ಮೈ ತಣ್ಣಗಾಗಿತ್ತು. ಲಾಠಿ ಬೇಕಾಗಲಿಲ್ಲ, ಹಗ್ಗ ಬೇಕಾಗಲಿಲ್ಲ. ಎಸ್ಕಾರ್ಟ್ ಇಲ್ಲ ಎನ್ನುವ ಮಾತೇ ಒಬ್ಬ ಹೆಂಗಸನ್ನು ಕೊಲ್ಲಲು ಸಾಕಾಯಿತು. ಮಂತ್ರಿಗಳು ಬಂದರೆ ಅದೇ ಪೊಲೀಸರು ರಸ್ತೆಯ ಎರಡೂ ಬದಿ ಬಿಸಿಲಲ್ಲಿ ನಿಂತಿರುತ್ತಾರಲ್ಲ, ಅವರು ಎಲ್ಲಿಂದ ಹುಟ್ಟುತ್ತಾರೆ?

ಜೈಲಿನೊಳಗೆ ಸತ್ತರೆ ಮ್ಯಾಜಿಸ್ಟ್ರೇಟರ ವಿಚಾರಣೆ ಆಗಲೇಬೇಕು. ಅದಕ್ಕೆ ಮೊದಲೇ ಸಾಹೇಬರು ನನ್ನನ್ನು ಕರೆಸಿ ಕುರ್ಚಿ ಕೊಟ್ಟು ಕೂರಿಸಿದರು. ನನಗೆ ಅವರು ಕುರ್ಚಿ ಕೊಟ್ಟದ್ದು ಅದೇ ಮೊದಲು. ಮುದುಕಿ ರಾತ್ರಿ ಏನೂ ತೊಂದರೆ ಹೇಳಲಿಲ್ಲ, ಬೆಳಿಗ್ಗೆ ನೋಡಿದರೆ ತೀರಿದ್ದಳು ಎಂದು ಬರೆದುಕೊಡಬೇಕಂತೆ. "ನಿಮ್ಮಪ್ಪ ರೈತ ಅಲ್ಲೇನ? ಮಗಳ ನೌಕರಿ ಮ್ಯಾಲ ಆಸೆ ಇಟ್ಟಿರಬೇಕು," ಎಂದರು. ದನಿ ಏರಿಸಲಿಲ್ಲ. ಮರುದಿನದಿಂದ ರಾತ್ರಿಪಾಳಿಯೆಲ್ಲ ನನಗೇ. ಊಟದ ಡಬ್ಬಿಯನ್ನು ಗೇಟಿನಲ್ಲಿ ಸುರುವಿ ನೋಡುತ್ತಾರೆ. ಜೊತೆಯವರು ನನ್ನ ಹತ್ತಿರ ನಿಂತು ಮಾತಾಡುವುದಿಲ್ಲ. ನಾನಿನ್ನೂ ಬರೆದುಕೊಟ್ಟಿಲ್ಲ. ಬರೆದುಕೊಡುವುದೂ ಇಲ್ಲ. ಆದರೆ ಹೆದರಿಕೆ ಇಲ್ಲವೆಂದು ಸುಳ್ಳು ಹೇಳಲಾರೆ.

ಆ ರಾತ್ರಿ ಕಂಡದ್ದನ್ನು ಹೇಳುವವರು ಇಬ್ಬರು, ನಾನು ಮತ್ತು ದುರ್ಗಾ. ಉಳಿದವರು ಏನೂ ನೋಡಿಲ್ಲ ಎನ್ನುತ್ತಾರೆ, ಅವರನ್ನು ಬೈಯುವ ಹಕ್ಕು ನನಗಿಲ್ಲ. ದುರ್ಗಾ ಅತ್ತಿವೇರಿ ಕಡೆಯ ತಾಂಡಾದವಳು. ಅವರು ಉಳುತ್ತಿದ್ದ ಹೊಲ ಕಾಡಿನದೆಂದು ಗಾರ್ಡುಗಳು ಪೈರು ಕೀಳಲು ಬಂದಾಗ ಅಡ್ಡ ನಿಂತಳು, ಕೈಯಲ್ಲಿ ಕುಡುಗೋಲಿತ್ತು. ಕಳೆ ತೆಗೆಯುವವಳ ಕೈಯಲ್ಲಿ ಮತ್ತೇನಿರುತ್ತದೆ? ಸಂಕ್ರಾಂತಿಗೇ ಜಾಮೀನು ಮಂಜೂರಾಗಿದೆ. ಆದರೂ ಒಳಗಿದ್ದಾಳೆ, ಪಹಣಿ ಇರುವವರೊಬ್ಬರು ಬಂದು ಹೊಣೆ ನಿಲ್ಲಬೇಕು. ಅವಳ ಗಂಡ ತುಳಸಿರಾಮ ಅರಣ್ಯಹಕ್ಕಿನ ಅರ್ಜಿಯ ಪಾವತಿಯನ್ನೇ ಪಹಣಿ ಎಂದು ನಂಬಿ ಮಡಚಿ ತಂದ. ಅವನ ಅಪ್ಪನ ಕಾಲದಿಂದ ಅದನ್ನು ದೇವರ ಫೋಟೋದ ಹಿಂದೆ ಕಾಪಾಡಿದ್ದರಂತೆ. ಇದು ಅರ್ಜಿ, ಜಮೀನಲ್ಲ ಎಂದು ಕೋರ್ಟಿನವರು ತಿರುಗಿ ಕೊಟ್ಟರು. ಹೊಲವಿರುವ ಮನೆಯ ಹೆಂಗಸು ನಮ್ಮ ಬ್ಯಾರಕ್ಕಿನಲ್ಲಿ ಬಹಳ ದಿನ ಉಳಿದದ್ದನ್ನು ನಾನು ಒಮ್ಮೆಯೂ ನೋಡಿಲ್ಲ ಅಪ್ಪಾ. ತಪ್ಪು ಯಾರು ಮಾಡಿದರು ಎಂದು ಅಲ್ಲಿ ಯಾರೂ ಕೇಳುವುದಿಲ್ಲ, ಭೂಮಿ ಯಾರಿಗಿದೆ ಎಂದು ಕೇಳುತ್ತಾರೆ. ಆ ಜನ ನಮ್ಮ ಕಬ್ಬು ಕಡಿಯುತ್ತಾರೆ, ಅವರ ಲೋಟ ಇವತ್ತಿಗೂ ನಮ್ಮ ಹಿತ್ತಲ ಗೋಡೆಯ ಮೇಲೆ ಬೇರೆಯೇ ಇದೆ. ಅದನ್ನು ಬರೆದೆನೆಂದು ಬೇಜಾರಾಗಬೇಡ. ಆಗು ಬೇಕಾದರೆ.

ಈಗ ದುರ್ಗಾಳಿಗೆ ಎಂಟು ತುಂಬಿದೆ. ಮುಖ ಕಾಲು ಬಾತಿವೆ, ತಲೆ ಸಿಡಿಯುತ್ತದೆ ಎನ್ನುತ್ತಾಳೆ. ಜೈಲಿಗೆ ಬರುವ ಡಾಕ್ಟರು ರಕ್ತದೊತ್ತಡ ನೋಡಿ, ಕೂಡಲೇ ದೊಡ್ಡ ಆಸ್ಪತ್ರೆಗೆ ಕಳಿಸಿ ಎಂದು ಗುರುವಾರವೇ ಬರೆದಿದ್ದಾರೆ. ಎಸ್ಕಾರ್ಟ್ ಬಂದಿಲ್ಲ. ಬರುವುದೂ ಇಲ್ಲ ಎಂದು ನನಗೆ ಅನ್ನಿಸುತ್ತದೆ, ಆಸ್ಪತ್ರೆಯಲ್ಲಿ ಅವಳು ಬಾಯಿ ಬಿಟ್ಟರೆ? ನಿನ್ನೆ ನನ್ನ ಸೆರಗಿಲ್ಲದ ಯೂನಿಫಾರ್ಮಿನ ತುದಿ ಹಿಡಿದು ಕೇಳಿದಳು: "ಅಕ್ಕಾರ, ಮಹಾದೇವಕ್ಕ ಹೋದ್ಲು. ಇನ್ನ ನನ್ನ ಪಾಳೇನ್ರಿ?"

ಅವ್ವನಿಗೆ ಇದನ್ನು ಓದಿ ಹೇಳಬೇಡ. ನಾನು ಚೆನ್ನಾಗಿದ್ದೇನೆ, ಉಣ್ಣುತ್ತಿದ್ದೇನೆ ಎನ್ನು. ತಮ್ಮ ಸಿದ್ದಲಿಂಗನಿಗೆ ಆಶೀರ್ವಾದ. ಬಸ್ಸಿಗೆ ಹೊತ್ತಾಯಿತು, ಇವತ್ತೂ ನನ್ನದೇ ರಾತ್ರಿಪಾಳಿ.

ನಿನ್ನ ಪಾದಕ್ಕೆ ಹಣೆ ಹಚ್ಚಿ,
ಶಿವಗಂಗಾ

ತಾ.ಕ.: ಇದನ್ನು ಹಳಿಯಾಳ ಬಸ್ಸಿನ ಕಂಡಕ್ಟರ್ ಗೂಳಪ್ಪ ಮಾಮಾನ ಕೈಯಲ್ಲಿ ಕೊಡುತ್ತಿದ್ದೇನೆ, ಇವತ್ತು ಸಂಜೆಯೇ ನಿನಗೆ ಮುಟ್ಟುತ್ತದೆ. ನಾಳೆ ಬೆಳಗಿನ ಮೊದಲ ಬಸ್ಸಿಗೆ ಹೊಲದ ಪಹಣಿ, ಆಧಾರ ಕಾರ್ಡು ತೆಗೆದುಕೊಂಡು ಮುಂಡಗೋಡ ಕೋರ್ಟಿಗೆ ಹೋಗು. ಉದಯಕುಮಾರ ಎಂಬ ಉಚಿತ ಕಾನೂನು ನೆರವಿನ ವಕೀಲರಿಗೆ ಹೇಳಿಟ್ಟಿದ್ದೇನೆ, ಬಾಗಿಲಲ್ಲೇ ಕಾಯುತ್ತಾರೆ. ದುರ್ಗಾಳಿಗೆ ನೀನು ಹೊಣೆ ನಿಲ್ಲಬೇಕು. ಅವಳು ಕೋರ್ಟಿಗೆ ಬರದಿದ್ದರೆ ನಮ್ಮ ಹೊಲದ ಮೇಲೆ ಬರುತ್ತದೆ, ಅದನ್ನು ಮುಚ್ಚಿಡುವುದಿಲ್ಲ. ಬಿಡುಗಡೆಯ ಆದೇಶ ಸಂಜೆ ಬೀಗ ಬೀಳುವ ಮೊದಲು ಜೈಲಿಗೆ ಮುಟ್ಟಬೇಕು, ತಡವಾದರೆ ಅವಳಿಗೆ ಇನ್ನೊಂದು ರಾತ್ರಿ ಒಳಗೇ. ಇವತ್ತಿನದನ್ನು ಹೇಗೋ ದಾಟಿಸುತ್ತೇನೆ, ನಾಳಿನದನ್ನು ದಾಟಿಸುವ ನಂಬಿಕೆ ನನಗಿಲ್ಲ. ಇವಳು ನಿನಗ ಹೆಂಗ ಪರಿಚಯ ಎಂದು ಜಡ್ಜ್ ಕೇಳಿಯೇ ಕೇಳುತ್ತಾರೆ. ಸುಳ್ಳು ಹೇಳಬೇಡ ಅಪ್ಪಾ. ಆಕೀನ ಕಾಯೂ ವಾರ್ಡರ್ ನನ್ನ ಮಗಳು ರೀ, ಆಕೀನ ನನ್ನ ಕಳಿಸ್ಯಾಳ ಎಂದು ಎಲ್ಲರಿಗೂ ಕೇಳುವಂತೆ ಹೇಳು. ನನ್ನ ನೌಕರಿ ಅಲ್ಲಿಗೇ ಮುಗಿಯುತ್ತದೆ, ಗೊತ್ತಿದೆ. ಹೇಳು.