ಬೆನ್ನು ತಿರುಗಿಸಿ ಹಾಡಿದ್ದು

ಫೆಬ್ರವರಿ 4, ಬೆಳಿಗ್ಗೆ

ಬಿಸಿನೀರಿನ ಹಬೆ ತೆಗೆದುಕೊಂಡೆ. ಮಾತಿಲ್ಲ. ಪ್ರದರ್ಶನವಿದ್ದ ದಿನ ಮಧ್ಯಾಹ್ನದವರೆಗೆ ಬಾಯಿ ಬಿಡುವುದಿಲ್ಲ, ಹಳೆಯ ರೂಢಿ. ತಂಗಿ ಕಾಫಿ ಲೋಟ ಕುಕ್ಕಿ, "ನಿನ್ನ ಮೌನದಲ್ಲೂ ಒಂದು ಜಗಳ ಇರುತ್ತೆ ಕಣೇ ಅಕ್ಕಾ" ಎಂದಳು. ನಮ್ಮ ನಾಟಕದ ಸ್ಟೇಜ್ ಮ್ಯಾನೇಜರ್ ಆದಾಗಿನಿಂದ ಮನೆಯಲ್ಲೂ ತಾನು ಹೆಡ್‌ಸೆಟ್ ಹಾಕಿಕೊಂಡಿದ್ದೇನೆ ಎಂದೇ ಅವಳ ಎಣಿಕೆ. ಏಳು, ಸ್ನಾನ ಮಾಡು, ಹೊರಡು... ಎಲ್ಲದಕ್ಕೂ ಸೂಚನೆ, ಅವಳ ಭಾಷೆಯಲ್ಲಿ ಕ್ಯೂ, ಕೊಡುತ್ತಾಳೆ.

ನಿನ್ನೆ ನಿರ್ದೇಶಕರು ಕೊನೆಯ ಹಾಡಿನ ನಿಲುವು ಬದಲಿಸಿದರು. ನನ್ನ ಪಾತ್ರದ ಟೆಲಿಫೋನ್ ಆಪರೇಟರ್ ಕೆಲಸ ಬಿಟ್ಟು ಹೊರಡುವ ಹಾಡು. ಕೊನೆಯ ಸಾಲಿನ ಮೇಲು ಸ್ವರ ಬರುವಾಗ ಪ್ರೇಕ್ಷಕರಿಗೆ ಬೆನ್ನು ಹಾಕಿ ನಿಲ್ಲಬೇಕಂತೆ. "ಬೆನ್ನು ಕೂಡ ಅಭಿನಯ ಮಾಡುತ್ತೆ ಮೇಡಂ." ಇಷ್ಟು ವರ್ಷ ನನ್ನ ಬೆನ್ನಿನ ಪ್ರತಿಭೆ ಯಾರ ಕಣ್ಣಿಗೂ ಬಿದ್ದಿರಲಿಲ್ಲ.

ಯಾಕೆ ಎಂದು ಕೇಳಲಿಲ್ಲ. ತಂಗಿ ನೆಲ ನೋಡುತ್ತಿದ್ದಳು.

ಫೆಬ್ರವರಿ 9

ಬದಲಿ ಹುಡುಗಿಯ ಮೇಲೆ ಕಣ್ಣಿಟ್ಟಿದ್ದೇನೆ. ನನಗೆ ಜ್ವರ ಬಂದರೆ ನನ್ನ ಪಾತ್ರ ಮಾಡಲೆಂದು ಇಟ್ಟುಕೊಂಡವಳು. ಗುಬ್ಬಿ ಎಂದು ಕರೆಯುತ್ತಾರೆ. ನನಗೆ ಜ್ವರ ಬಂದಿಲ್ಲ. ಆದರೂ ಕೊನೆಯ ಹಾಡಿನ ಹೊತ್ತಿಗೆ ದಿನಾ ಎಡಗಡೆಯ ವಿಂಗಿನಲ್ಲಿ, ಪಕ್ಕದ ಪರದೆಯ ಮರೆಯಲ್ಲಿ, ಬಂದು ನಿಲ್ಲುತ್ತಾಳೆ. ಚಪ್ಪಲಿ ಇಲ್ಲ, ಬರೀ ಕಾಲುಚೀಲ.

"ಏನಮ್ಮ, ಇಲ್ಲಿ?"

"ನಿಮ್ಮನ್ನ ನೋಡಿ ಕಲಿಯೋಣ ಅಂತ, ಮೇಡಂ."

ಕಲಿಯಲಿ. ನೋಡಿ ಕಲಿಯಲು ಚಪ್ಪಲಿ ಬಿಚ್ಚಿ ಬರಬೇಕೇ?

ಫೆಬ್ರವರಿ 10, ಮಧ್ಯಾಹ್ನ

ಸೌಂಡಿನವನು ನನ್ನ ಹಣೆಯ ಅಂಚಿಗೆ ಮೈಕು ಅಂಟಿಸುವಾಗ ಮೊದಲೆಲ್ಲ ಹರಟುತ್ತಿದ್ದ. ಮಾವನ ಗೊರಕೆಯ ಕಥೆ, ಹೆಂಡತಿ ಕಾರು ಕಲಿಯುವ ಕಥೆ. ಈಗ ಟೇಪು ಒತ್ತುತ್ತಾನೆ, ಹೋಗುತ್ತಾನೆ. ವೇದಿಕೆಯ ಮೇಲೆ ನಮಗಾಗಿ ಇಟ್ಟ ಸ್ಪೀಕರಿನಲ್ಲಿ ಬ್ಯಾಂಡಿನ ಸದ್ದು ಜಾಸ್ತಿ ಮಾಡಿದ್ದಾನೆ. ನನ್ನ ದನಿ ನನಗೇ ಸರಿಯಾಗಿ ಕೇಳುವುದಿಲ್ಲ. ಹೇಳಿದೆ. "ಹಾಲಲ್ಲಿ ಚೆನ್ನಾಗಿ ಕೇಳುತ್ತೆ ಮೇಡಂ, ಯೋಚನೆ ಬಿಡಿ" ಎಂದ.

ಯೋಚನೆ ಬಿಡಿ ಎಂದು ಹೇಳಿಸಿಕೊಂಡ ಮೇಲೆ ಯೋಚನೆ ಬಿಟ್ಟವರನ್ನು ನಾನು ಕಂಡಿಲ್ಲ.

ಫೆಬ್ರವರಿ 17

ಇದನ್ನೂ ಬರೆದಿಡಬೇಕು. ಇತ್ತೀಚೆಗೆ ಕೊನೆಯ ಸ್ವರ ತಾನಾಗಿ ಬರುತ್ತಿದೆ. ವರ್ಷದ ಹಿಂದೆ ಅದರ ಹೆದರಿಕೆಗೇ ಊಟ ಸೇರುತ್ತಿರಲಿಲ್ಲ. ಈಗ ಜನ ಎದ್ದು ನಿಲ್ಲುತ್ತಾರೆ. ನಲವತ್ತಾರಕ್ಕೆ ಗಂಟಲು ಹೀಗೆ ಅರಳುವುದುಂಟೇ? ಹಬೆಯ ಗುಣ ಇರಬೇಕು.

ಅದಕ್ಕೇ ಇವರ ಹೊಟ್ಟೆಯುರಿ ಅರ್ಥವಾಗುತ್ತದೆ. ಗುಬ್ಬಿಗೆ ಪಾತ್ರ ಬೇಕು. ನಿರ್ದೇಶಕರಿಗೆ ಎಳೆಯ ಮುಖ ಬೇಕು. ತಂಗಿಗೆ? ನಿನ್ನೆ ನಾನು ಮೇಕಪ್ ಕೋಣೆಗೆ ಕಾಲಿಟ್ಟ ಕೂಡಲೇ ತಂಗಿ, ಗುಬ್ಬಿ ಇಬ್ಬರ ಮಾತೂ ನಿಂತಿತು. ಗುಬ್ಬಿಯ ಕಣ್ಣು ಕೆಂಪಗಿತ್ತು. ತಂಗಿ, "ಸೇಫ್ಟಿ ಪಿನ್ ಎಲ್ಲಿಟ್ಟಿದ್ದೀಯ ಅಕ್ಕಾ?" ಎಂದಳು. ಡಬ್ಬಿ ಅವಳ ಕೈಯಲ್ಲೇ ಇತ್ತು.

ಅನುವಾದದ ಕಾದಂಬರಿಗಳಲ್ಲಿ ಅನುಮಾನ ಬಂದ ಹೆಂಗಸು ಕಿಟಕಿಯ ಬಳಿ ಹೋಗಿ ದೂರ ನೋಡುತ್ತಾಳೆ. ನಮ್ಮ ಕಿಟಕಿಗೆ ಎದುರು ಮನೆಯ ನೀರಿನ ಟ್ಯಾಂಕು ಅಡ್ಡ. ಅದನ್ನೇ ನೋಡಿದೆ.

ಮಾರ್ಚ್ 1, ಭಾನುವಾರ

ಅಮ್ಮ ನಾಟಕ ನೋಡಲು ಬಂದಿದ್ದಳು. ಮಂಡಿ ನೋವೆಂದು ಇಷ್ಟು ದಿನ ಮುಂದೂಡಿದ್ದಳು. ಮನೆಗೆ ಬಂದು ಕಾಲು ನೀವಿಕೊಳ್ಳುತ್ತ,

"ಚೆನ್ನಾಗಿ ಹಾಡಿದೆ ಕಣೆ. ಕೊನೇಲಿ ಹಾಡಿದ್ದು ಯಾರು?"

"ನಾನೇ ಅಮ್ಮ."

"ನೀನು ಅಲ್ಲಿವರೆಗೆ ಹಾಡಿದೆ. ಆ ಮೇಲಕ್ಕೆ ಹೋಯ್ತಲ್ಲ, ಅದು ಯಾರು ಅಂತ ಕೇಳಿದೆ."

ತಂಗಿ ಒಮ್ಮೆಗೇ, "ಅಮ್ಮಾ, ಮಾತ್ರೆ ತಗೊಂಡ್ಯಾ?" ಎಂದಳು.

"ಮಾತ್ರೆ ಕಿವಿಗಲ್ಲ, ಮಂಡಿಗೆ. ಹೆತ್ತೋಳಿಗೆ ಮಗಳ ದನಿ ತಿಳಿಯಲ್ವೇನೇ?"

ತಂಗಿ ನೀರು ತರಲು ಎದ್ದಳು. ಹೂಜಿ ತುಂಬಿಯೇ ಇತ್ತು.

ಮಾರ್ಚ್ 3

ಇವತ್ತಿನ ಮಧ್ಯಾಹ್ನದ ಆಟದಲ್ಲಿ ನಾನು ಹಾಡಲಿಲ್ಲ.

ಬೆನ್ನು ತಿರುಗಿಸಿ ನಿಂತೆ. ಎಂದಿನ ಹಾಗೆ ಉಸಿರೆಳೆದೆ. ಬಾಯಿ ತೆರೆದೆ. ಅಷ್ಟೇ. ಗಂಟಲು ಬಿಗಿ ಹಿಡಿದಿದ್ದೆ.

ಸ್ವರ ಬಂತು. ತುಂಬು ಸ್ವರ. ಮೇಲಕ್ಕೆ ಹತ್ತಿ ನಿಂತುಕೊಂಡಿತು, ಒಂದಿಷ್ಟೂ ಅಲುಗಲಿಲ್ಲ. ಹತ್ತುವ ಮೊದಲು ಒಂದು ಸಣ್ಣ ತಡೆ—ಅದು ನನ್ನದು, ನನ್ನದೇ ಅಭ್ಯಾಸ—ಅದನ್ನೂ ಕಲಿತಿದ್ದಾಳೆ. ಕಣ್ಣು ಹೊರಳಿಸಿದೆ. ವಿಂಗಿನ ಕತ್ತಲಲ್ಲಿ ಕರಿಬಟ್ಟೆ ಹೊದಿಸಿದ ಮೈಕಿನ ಮುಂದೆ ಗುಬ್ಬಿ, ಕಣ್ಣು ಮುಚ್ಚಿಕೊಂಡು. ಪಕ್ಕದಲ್ಲಿ ತಂಗಿ. ಹೆಡ್‌ಸೆಟ್ಟಿನಲ್ಲಿ ಸೌಂಡಿನವನಿಗೆ ಕ್ಯೂ ಕೊಡುತ್ತಿದ್ದಳು. ನನ್ನ ಮೈಕು ಇಳಿಸು, ಅವಳದು ಏರಿಸು.

ತಂಗಿ ನನ್ನ ಬಾಯಿ ನೋಡಿದಳು. ತಿಳಿಯಿತು ಅವಳಿಗೆ.

ಜನ ಎದ್ದು ನಿಂತರು. ನಾನು ತಿರುಗಿ ಬಾಗಿ ನಮಸ್ಕರಿಸಿದೆ. ಮತ್ತೇನು ಮಾಡಲಿ.

ಮಾರ್ಚ್ 4, ಬೆಳಿಗ್ಗೆ

ಮಾತಾಡದ ದಿನ. ಮಾತಾಡಿದೆ.

"ಯಾವಾಗಿಂದ?"

"ಬೆನ್ನು ತಿರುಗಿಸೋಕೆ ಹೇಳಿದ ದಿನದಿಂದ."

"ಯಾರ ಯೋಚನೆ?"

"ನಂದು." ಸಿಂಕಿನ ಕಡೆಗೇ ಮುಖ. ತಟ್ಟೆ ತೊಳೆಯುತ್ತಿದ್ದಳು. "ದನಿ ಒಡೀತಿತ್ತು ಅಕ್ಕಾ. ಒಂದು ಸಲ ಅಲ್ಲ. ನಿನಗೆ ಕೇಳಿಸ್ತಿರಲಿಲ್ಲ. ನಿನ್ನ ತೆಗೆದುಬಿಡ್ತೀನಿ ಅಂದ್ರು ನಿರ್ದೇಶಕರು. ನಾನಂದೆ, ಒಂದೇ ಒಂದು ಸ್ವರಕ್ಕೆ ಇಡೀ ಮನುಷ್ಯಳನ್ನ ಆಚೆ ಹಾಕ್ತೀರಾ ಅಂತ."

"ನನಗೆ ಹೇಳಬಹುದಿತ್ತು."

"ಹೇಳಿದ್ರೆ ಏನು ಮಾಡ್ತಿದ್ದೆ?"

"ಬಿಟ್ಟು ಬರ್ತಿದ್ದೆ."

"ಬಿಟ್ಟು ಬಂದು? ದಿನವಿಡೀ ಈ ಟ್ಯಾಂಕ್ ನೋಡ್ಕೊಂಡು ಕೂತಿರ್ತಿದ್ದೆಯಾ? ನಿನ್ನ ಜೊತೆ ಯಾರು ಬಾಳಬೇಕಿತ್ತು, ಮಾರಾಯ್ತಿ!"

ನಗು ಬಂತು. ಬಂದದ್ದಕ್ಕೆ ಸಿಟ್ಟೂ ಬಂತು. ಎರಡನೇ ಅಂಕದ ಜೋಗುಳ ಯಾರದೆಂದು ಕೇಳಿದೆ. ನಿನ್ನದೇ, ಅಮ್ಮನಾಣೆ ಎಂದಳು. ಮೊದಲ ಪ್ರವೇಶದ ಹಾಡು? ನಿನ್ನದೇ. ಹಿಂದಿನ ನಾಟಕ? ಅದರ ಹಿಂದಿನದು? "ಎಲ್ಲಾ ನಿನ್ನದೇ ಕಣೇ, ಇದೊಂದು ಬಿಟ್ಟು!" ಎಂದು ಸ್ಪಂಜು ಎಸೆದಳು.

ನಂಬಲೇ? ಒಂದು ಸುಳ್ಳನ್ನು ಇಷ್ಟು ಅಚ್ಚುಕಟ್ಟಾಗಿ ನಿಭಾಯಿಸಿದವಳು. ಇಪ್ಪತ್ತು ವರ್ಷದ ಚಪ್ಪಾಳೆಗಳನ್ನೆಲ್ಲ ಒಂದೊಂದಾಗಿ ಕೈಗೆತ್ತಿಕೊಂಡು ಮಗುಚಿ ನೋಡುತ್ತಿದ್ದೇನೆ.

ಮಾರ್ಚ್ 6

ಮೆಟ್ಟಿಲ ಬಳಿ ಗುಬ್ಬಿ ಸಿಕ್ಕಳು. ಬೈಯಬೇಕೆಂದು ಮಾತು ಜೋಡಿಸಿಕೊಂಡಿದ್ದೆ. ಅವಳೇ ಮೊದಲು,

"ನಮ್ಮಮ್ಮ ಮೊನ್ನೆ ಬಂದಿದ್ರು ಮೇಡಂ. ಮೂರನೇ ಸಾಲಲ್ಲಿ ಕೂತಿದ್ರು. ಆ ಸ್ವರಕ್ಕೆ ಅತ್ತುಬಿಟ್ರಂತೆ. ಆ ಹಿರಿಯ ನಟಿ ಎಷ್ಟು ಚೆನ್ನಾಗಿ ಹಾಡ್ತಾರೆ, ನೀನ್ಯಾವಾಗ ಹಾಗೆ ಹಾಡೋದು ಅಂತ ಬೈದ್ರು."

"ನೀನೇನಂದೆ?"

"ಕಲೀತೀನಿ ಅಂದೆ."

ನಾಳೆಯ ಆಟಕ್ಕೆ ವಿಂಗಿಗೆ ಬರಬೇಡ, ಪ್ರೇಕ್ಷಕರ ನಡುವೆ ಕೂತು ನೋಡು ಎಂದೆ.

"ಅಕ್ಕ ಬಯ್ತಾರೆ."

"ಅವಳಿಗೆ ನಾನು ಅಕ್ಕ. ನನ್ನ ಮಾತು ಕೇಳು."

ಮಾರ್ಚ್ 7

ಎದುರಿಗೆ ತಿರುಗಿ ಹಾಡಿದೆ.

ಅರ್ಧಕ್ಕೆ ಹತ್ತಿತು, ಆಮೇಲೆ ಒಡೆಯಿತು. ಈ ಸಲ ನನಗೂ ಕೇಳಿತು. ಹಳೆಯ ಬಟ್ಟೆ ಹರಿದ ಹಾಗೆ. ಪಿಯಾನೋ ನುಡಿಸುವವರು ಅದೇ ಮಟ್ಟು ಹಿಡಿದುಕೊಂಡು ಕಾದರು. ಪುಣ್ಯಾತ್ಮರು. ಕೆಳಗಿನ ಸ್ವರಕ್ಕೆ ಇಳಿದು ಸಾಲು ಮುಗಿಸಿದೆ. ಯಾರೂ ಎದ್ದು ನಿಲ್ಲಲಿಲ್ಲ. ಚಪ್ಪಾಳೆ ಸಣ್ಣದು. ಅದನ್ನು ಮಗುಚಿ ನೋಡಬೇಕಾಗಿಲ್ಲ.

ಪರದೆ ಬಿದ್ದ ಮೇಲೆ ತಂಗಿ ಹೆಡ್‌ಸೆಟ್ ತೆಗೆದು ಹೆಗಲ ಮೇಲೆ ಹಾಕಿಕೊಂಡಳು. ಬೈಯಲಿಲ್ಲ. ಹಣೆಯ ಟೇಪನ್ನು ಅವಳೇ ಬಿಡಿಸಿದಳು, ಕೂದಲು ಕೀಳದ ಹಾಗೆ.

ಮಾರ್ಚ್ 19

ಬರೆಯಲು ಏನೂ ಇರಲಿಲ್ಲ. ಇತ್ತು. ಬರೆಯಲಿಲ್ಲ.

ನನ್ನ ಪಾತ್ರ ಗುಬ್ಬಿಯ ಕೈಗೆ ಹೋಯಿತು. ನಿರ್ದೇಶಕರು ಬಹಳ ಮರ್ಯಾದೆಯಿಂದ ಹೇಳಿದರು. ಆ ಮರ್ಯಾದೆಯನ್ನೇ ಎರಡು ದಿನ ಅನುಮಾನಿಸಿದೆ. ನನ್ನ ಗೌನನ್ನು ಅವಳ ಅಳತೆಗೆ ಒಳಗೆ ಹಿಡಿದು ಹೊಲಿದಿದ್ದಾರಂತೆ. ಬಹಳ ಹಿಡಿಯಬೇಕಾಯಿತಂತೆ! ತಂಗಿಯೇ ಬಂದು ಹೇಳಿದಳು. ನನ್ನನ್ನು ನಗಿಸಲು.

ಮಾರ್ಚ್ 24, ಸಂಜೆ

ಈಗ ತಂಗಿ ಬಂದು ಬಾಗಿಲಲ್ಲೇ ನಿಂತಳು. ಒಳಗೆ ಬಾ ಎಂದರೂ ಬರಲಿಲ್ಲ. ಕೆಲಸದ ಮಾತಿದ್ದಾಗ ಹೀಗೆ.

ಗುಬ್ಬಿಯ ಮೇಲು ಸ್ವರಕ್ಕೆ ಸಭಾಂಗಣ ತುಂಬುತ್ತದೆ. ಅವಳ ಜೋಗುಳಕ್ಕೆ ತುಂಬುತ್ತಿಲ್ಲ. ಕೆಳಗಿನ ಸ್ವರಗಳಲ್ಲಿ ಅವಳದು ಬರೀ ಗಾಳಿ, ಹಿಂದಿನ ಸಾಲಿಗೆ ಮುಟ್ಟುವುದೇ ಇಲ್ಲ. ಅದನ್ನು ನಾನು ಹಾಡಬೇಕಂತೆ. ವಿಂಗಿನಲ್ಲಲ್ಲ, ಮೇಲೆ ಲೈಟಿನವರ ಕೋಣೆಯಲ್ಲಿ ನಿಂತು. ಅಲ್ಲಿಗೆ ಒಂದು ಮೈಕು ಎಳೆದಾಗಿದೆ. ನಾಳೆಯಿಂದಲೇ. ತೊಟ್ಟಿಲಿನ ಕಡೆ ಬಗ್ಗಿ, ಮುಖ ಮರೆಮಾಡಿ ಹಾಡು ಎಂದು ನಿರ್ದೇಶಕರು ಗುಬ್ಬಿಗೆ ಹೇಳಿದ್ದಾರೆ.

"ಮತ್ತೆ ವೇದಿಕೆಗೆ ಬಂದ ಹಾಗಾಗುತ್ತಲ್ಲ ಅಕ್ಕಾ. ನಿನ್ನ ಜೋಗುಳ ಕಣೇ ಅದು. ಏನು ಹೇಳಲಿ ಅವರಿಗೆ?"

ಆಸೆಯಾಯಿತು. ಸುಳ್ಳು ಬರೆಯುವುದೇಕೆ. ಬಾಯಿಯೊಳಗೇ ಮೊದಲ ಸಾಲು ಸುಳಿದುಹೋಯಿತು.

"ಅವಳಿಗೆ ಗೊತ್ತಾ?"

ತಂಗಿ ನೆಲ ನೋಡಿದಳು.

"ಇನ್ನೂ ಎಳೇ ಹುಡುಗಿ ಅಕ್ಕಾ. ಕುಗ್ಗಿಹೋಗ್ತಾಳೆ. ಆಮೇಲೆ ನಿಧಾನವಾಗಿ ಹೇಳೋಣ ಅಂದ್ರು."

ಚಪ್ಪಲಿ ಮೆಟ್ಟಿಕೊಂಡು ಬಂದು ನಿಂತುಕೊಂಡೇ ಇದನ್ನು ಬರೆಯುತ್ತಿದ್ದೇನೆ. ತಂಗಿ ಅಡ್ಡ ನಿಂತಿದ್ದಾಳೆ, ಎಲ್ಲಿಗೆ ಎಲ್ಲಿಗೆ ಎನ್ನುತ್ತಿದ್ದಾಳೆ. ಗುಬ್ಬಿ ಈ ಹೊತ್ತಿಗೆ ತಾಲೀಮಿನ ಕೋಣೆಯಲ್ಲಿ ಒಬ್ಬಳೇ ಇರುತ್ತಾಳೆ. ಹಾಡುವುದೋ ಬಿಡುವುದೋ ಆಮೇಲಿನ ಮಾತು. ಮೊದಲು ಅವಳಿಗೆ ಹೇಳಬೇಕು.