ಅತ್ತೆಯ ಕೌದಿ

ಜನವರಿ 12, ಸೋಮವಾರ. ಬೆಳಿಗ್ಗೆ 6.30

ಕಾವ್ಯಾ ಎದ್ದ ಕೂಡಲೇ ಸೀನು, ಒಂದರ ಮೇಲೊಂದು. ಬ್ಯಾಡಗಿಯಲ್ಲಿ ಸೀನಿದರೆ ಯಾರೂ ತಿರುಗಿ ನೋಡುವುದಿಲ್ಲ — ಮೆಣಸಿನಕಾಯಿ ಘಾಟು ಅಂದುಬಿಡುತ್ತಾರೆ. ನಾವೂ ಹಾಗೇ ಸುಮ್ಮನಿದ್ದೆವು. ಈಗ ಎದೆಯಲ್ಲಿ ಸಿಳ್ಳೆ.

ಹೆತ್ತವಳು ನಾನು. ಮಗಳು ಮಲಗುವುದು ಅತ್ತೆಯ ಮಗ್ಗುಲಲ್ಲಿ, ಹಳೆಯ ಸೀರೆಗಳನ್ನು ಪದರವಾಗಿ ಸೇರಿಸಿ ಅವರು ಹೊಲಿದ ಕೌದಿಯೊಳಗೆ. ಅವಳಿಗೆಂದೇ ತಂದ ಹೊಸ ಮಂಚ ಖಾಲಿ. ಹೊಟ್ಟೆ ಉರಿಯುತ್ತದೆ.

ಜನವರಿ 17, ಶನಿವಾರ

ಹಾವೇರಿಯ ಡಾಕ್ಟರ್ ಟೆಸ್ಟ್ ಮಾಡಿದರು. ಘಾಟಲ್ಲ, ಧೂಳಿನ ನುಸಿ! ಕಣ್ಣಿಗೆ ಕಾಣುವುದಿಲ್ಲವಂತೆ. ಹಾಸಿಗೆ, ಹೊದಿಕೆಯಲ್ಲೇ ವಾಸ. ಅದರ ಹಿಕ್ಕೆಯಿಂದ ಅಲರ್ಜಿ... ಥೂ. ಗಾದಿ, ದಿಂಬಿಗೆ ಪೂರ್ತಿ ಮುಚ್ಚುವ ಕವರ್ ಹಾಕಬೇಕು. ನೆಲ ಒದ್ದೆ ಬಟ್ಟೆಯಿಂದ ಒರೆಸಬೇಕು. "ಕೌದಿ ವಾರಕ್ಕೊಮ್ಮೆ ಕುದಿಯೋ ನೀರಾಗ ಒಗೀರಿ, ಸಾಕು" ಅಂದರು.

ಅತ್ತೆಗೆ ಅರ್ಧವೇ ಹೇಳಿದೆ. "ಕೌದಿಯಾಗ ನುಸಿ ಅದಾವಂತ, ಬ್ಯಾಡಂತ್ರಿ ಅತ್ತಿ. ಕೂಸು ನನ್ನ ಕಡೆ ಮಲಗ್ಲಿ."

ಅವರ ಮುಖ ಬಾಡಿತು. ನನಗೆ ಖುಷಿಯಾಯಿತು. ಬಹಳ.

ಜನವರಿ 20

ಸಿಳ್ಳೆ ಕಡಿಮೆ. ಅಳು ಜಾಸ್ತಿ. "ಮಮ್ಮಿ, ಅಜ್ಜಿ ಕೌದಿ ಬೇಕು." ಒಂದು ಕೌದಿಯನ್ನು ಕಂಡು ಕರುಬುವ ಹೆಂಗಸು ಜಿಲ್ಲೆಯಲ್ಲಿ ನಾನೊಬ್ಬಳೇ ಇರಬೇಕು.

ಜನವರಿ 27, ಮಂಗಳವಾರ. ಸಂಜೆ

ನಾನು ಕಲಿಸುವ ರಾಣೆಬೆನ್ನೂರಿನ ಶಾಲೆಯಿಂದ ಬಂದೆ. ಹಿತ್ತಲ ತಂತಿಯ ತುಂಬ ಹಳೆಯ ಸೀರೆಗಳು. ಅತ್ತೆ ಕೌದಿಯ ಹೊಲಿಗೆ ಬಿಚ್ಚಿ, ಒಂದೊಂದೇ ಪದರ ಹಂಡೆಯಲ್ಲಿ ಕುದಿಸಿದ್ದಾರೆ!

"ನುಸಿ ಸತ್ರ ಹೊಚ್ಚಬಹುದೇನೋ... ಡಾಕ್ಟರಿಗೆ ಒಂದ್ ಮಾತ್ ಕೇಳ್ತಿಯೇನ ಪುಷ್ಪಾ?"

ನಡುವೆ ಒಂದು ಹಸಿರು ಸೀರೆ. ನನ್ನದೇ. ಬಾಣಂತನದಲ್ಲಿ ಉಟ್ಟದ್ದು. ಅತ್ತೆ ಅದನ್ನು ಪಾತ್ರೆಯವನಿಗೆ ಕೊಟ್ಟು ಪಾತ್ರೆ ತಗೊಂಡರೆಂದು ಆಗ ಜಗಳ ಆಡಿದ್ದೆ.

"ನೀ ಸಾಲಿಗೆ ಹೋಗಾಕ ಹತ್ತಿದಾಗ ಕೂಸು ಭಾಳ ಅಳ್ತಿತ್ತು. ಈ ಸೀರಿ ಹೊಚ್ಚಿದ್ರ ಸುಮ್ಮನಾಗ್ತಿತ್ತು. ಅದಕ್ಕ ಕೌದಿಯಾಗ ಹಾಕಿ ಹೊಲಿದೆ."

ಇಷ್ಟು ದಿನ ನನ್ನ ಸೀರೆಯ ಮೇಲೇ ಹೊಟ್ಟೆಕಿಚ್ಚು. ನಾಚಿಕೆಯಾಯಿತು. ಆದರೂ ಒಳಗೊಂದು ಚುಚ್ಚು — ಇದು ನನಗೇಕೆ ಹೊಳೆಯಲಿಲ್ಲ?

ಜನವರಿ 28

ಸೀರೆ ಒಣಗಿವೆ. ಅತ್ತೆ ಮಡಚಿಟ್ಟುಕೊಂಡು ಕುಳಿತಿದ್ದಾರೆ, ಹಸಿರು ಸೀರೆ ಎಲ್ಲಕ್ಕಿಂತ ಮೇಲೆ. ಸೂಜಿ ಮುಟ್ಟಿಲ್ಲ.

"ಕೇಳಿದ್ಯಾ? ಏನಂದ್ರು?"

ಒಗೆದರೆ ಸಾಕು ಎಂದು ಡಾಕ್ಟರ್ ಅಂದು ಹನ್ನೊಂದು ದಿನವಾಯಿತು. ಈಗ ಫೋನ್ ಮಾಡಿದೆ ಎಂದು ಹೇಳಿದರೂ ನಂಬುತ್ತಾರೆ. ನಂಬುತ್ತಾರಲ್ಲ, ಅದೇ... ಇಲ್ಲ. ಹೋಗಿ ಎದುರು ಕುಳಿತು ಮೊದಲು ಅಂದು ಮುಚ್ಚಿಟ್ಟ ಅರ್ಧ ಮಾತು ಹೇಳಬೇಕು.