ಪೆಲ್ವಿಸ್ ಅಂದರೆ

ಜನವರಿ 8
ಚಾರ್ಟ್ ಇನ್ನೂ ಮುಗಿದಿಲ್ಲ. ಎಡಕ್ಕೆ ಹೆಣ್ಣು ಚಿಂಪಾಂಜಿ, ಬಲಕ್ಕೆ ಹೆಂಗಸು. ಗರ್ಭಕೋಶ, ಅಂಡಾಶಯ ಹೆಚ್ಚುಕಡಿಮೆ ಒಂದೇ. ಪೆಲ್ವಿಸ್ ಮಾತ್ರ ಬೇರೆ. ಮೂಡಲಗಿ ಕಾಲೇಜಿನಲ್ಲಿ ಪಾಠ ಮಾಡುವಾಗ ಹಿಂದಿನ ಬೆಂಚಿನವರು ಕಿಸಕ್ಕೆಂದರು. ನಗಲಿ. ಇಂಗ್ಲಿಷಿನಲ್ಲಿ ಹೇಳುವಾಗ ನನಗೇನೂ ಅನ್ನಿಸುವುದಿಲ್ಲ.

ಬಣ್ಣ ತುಂಬಲು ಮೇಲವಂಕಿಗೆ, ಮನೆಗೆ ತಂದೆ. ತಂಗಿ ಕಾಜಲ್ ಚೊಚ್ಚಲ ಹೆರಿಗೆಗೆ ಬಂದಿದ್ದಾಳೆ.

"ಅಕ್ಕಾ, ಈ ಮಂಗ್ಯಾ ಹೆಂಗ ಹಡಿತೈತಿ?"

"ತಾನ ಹಡಿತೈತಿ. ಯಾರೂ ಬೇಕಾಗಂಗಿಲ್ಲ."

ಅವ್ವ ಒಳಗಿನಿಂದ ಕೇಳಿಸಿಕೊಂಡು ನಕ್ಕಳು. ಇನ್ನು ಮನುಷ್ಯರದ್ದು ಹೇಳಬೇಕು... ಅಷ್ಟರಲ್ಲಿ ಅಪ್ಪನ ತಮ್ಮ ಮಾಲಿಂಗ ಕಾಕಾ ಬಂದು ಎದುರಿಗೇ ಕೂತ. ಚಾರ್ಟ್ ಸುತ್ತಿಟ್ಟೆ.

ಜನವರಿ 10
ಕಾಜಲ್‌ಳ ಸ್ಕ್ಯಾನ್. ಡಾಕ್ಟರ್ ನನ್ನೊಬ್ಬಳನ್ನೇ ಕರೆದು ಹೇಳಿದರು — ಪೆಲ್ವಿಸ್ ನ್ಯಾರೋ, ಬೇಬಿ ದೊಡ್ಡದು, ನೋವು ಶುರುವಾದ ಕೂಡಲೇ ತನ್ನಿ, ಆಪರೇಶನ್ ಬೇಕಾಗಬಹುದು. ಮನೆಯಲ್ಲಿ 'ಲಗೂನ ಬರ್ರಿ ಅಂದಾರ' ಎಂದಷ್ಟೇ ಹೇಳಿದೆ. ಉಳಿದದ್ದನ್ನು ಕಾಕಾನ ಎದುರು ಯಾವ ಬಾಯಿಂದ ಹೇಳಲಿ?

ಜನವರಿ 19, ಬೆಳಿಗ್ಗೆ 6
ನೋವು ಬಂದಿದೆ. ಗಾಡಿ ತರಿಸುತ್ತೇನೆ ಅಂದೆ.

ಅವ್ವ, "ಮಂಗ್ಯಾನ ತಾನ ಹಡಿತೈತಿ ಅಂತ ನೀನ ಹೇಳೀದ್ಯಲ್ಲ? ಸೀತವ್ವ ಬರಾಕತ್ಯಾಳ. ಊರಾಗ ಎಷ್ಟ ಮಂದೀನ ಹಡಿಸ್ಯಾಳ. ಸುಮ್ನ ಕುಂದ್ರ."

"ಮನಿಷ್ಯಾರದು ಬ್ಯಾರೆ ಐತಿ ಅವ್ವಾ."

"ಏನ ಬ್ಯಾರೆ? ಹೇಳ."

ಕಾಕಾ ಬಾಗಿಲಲ್ಲೇ ನಿಂತಿದ್ದ. "ಪೆಲ್ವಿಸ್..." ಅಂದೆ.

"ಅಂದ್ರ?"

ಕಾಕಾನ ಕಡೆ ನೋಡಿದೆ. ಹನ್ನೊಂದು ವರ್ಷದಿಂದ ಇದನ್ನೇ ಪಾಠ ಮಾಡುತ್ತಿದ್ದೇನೆ.

"ನೀ ಒಂದರ ಹಡದೀಯೇನ?" ಅಂದು ಅವ್ವ ಒಳಗೆ ಹೋದಳು.

11 ಗಂಟೆ
ಸೀತವ್ವ 'ಇನ್ನೊಂದ ತಾಸ' ಅಂದದ್ದು ಇದು ಮೂರನೇ ಸಲ. ಕಾಜಲ್ ಕೂಗುವುದನ್ನು ನಿಲ್ಲಿಸಿದ್ದಾಳೆ. ಅದೇ ಹೆದರಿಕೆ. ಯಾರನ್ನೂ ಕೇಳದೆ ಆಂಬುಲೆನ್ಸಿಗೆ ಫೋನ್ ಮಾಡಿದೆ. ಆರು ಗಂಟೆಗೂ ಇದೇ ಫೋನು ಕೈಯಲ್ಲಿತ್ತು.

ಮಧ್ಯಾಹ್ನ 1
ಗೋಕಾಕ. ಒಳಗೆ ಕರೆದೊಯ್ದರು. ನರ್ಸ್ ಬಂದು, ಇಷ್ಟೊತ್ತು ಏನ್ ಮಾಡಾಕತ್ತಿದ್ರಿ ಅಂದಳು. ಅವ್ವ ನನ್ನ ಮುಖ ನೋಡಿದಳು. ನಾನು ನೆಲ ನೋಡಿದೆ.

ಜನವರಿ 27
ಕಾಜಲ್ ಉಳಿದಳು. ಗಂಡು ಕೂಸು. ಎರಡೇ ದಿನ ಬದುಕಿತ್ತು.

ಇವತ್ತು ಮನೆಗೆ ಕರೆತಂದೆವು. ಹಾಲು ಬಂದು ಅವಳ ಕುಪ್ಪಸ ತೋಯುತ್ತಿದೆ. ಯಾರೂ ನನಗೆ ಒಂದು ಮಾತು ಅನ್ನಲಿಲ್ಲ. ಬೈದಿದ್ದರೆ ಬದುಕುತ್ತಿದ್ದೆ.

ಸಂಜೆ ಎಲ್ಲರೂ ಕೂತಿದ್ದಾಗ, ಕಾಕಾನೂ ಇದ್ದಾಗಲೇ, ಕಾಜಲ್ ಕೇಳಿದಳು. "ಅಕ್ಕಾ, ನರ್ಸ್ ಅಂದ್ಲು, ಕೂಸಿನ ತಲಿ ದೊಡ್ಡದಿತ್ತು, ಬರೂ ದಾರಿ ಸಣ್ಣದಿತ್ತು. ಹೌದಿಲ್ಲೋ?"

ಹೌದು ಅಂದೆ. ಅವತ್ತು ಹೇಳಬೇಕಾಗಿದ್ದದ್ದು ಇಷ್ಟೇ ಮಾತು. ಕಾಕಾ ಎದ್ದೂ ಹೋಗಲಿಲ್ಲ, ತಲೆಯೂ ತಗ್ಗಿಸಲಿಲ್ಲ. ಟವೆಲಿನಿಂದ ಕಣ್ಣೊರೆಸಿಕೊಂಡ.

"ನಿನಗ ಮದಲ ಗೊತ್ತಿತ್ತೇನ?" ಕಾಜಲ್ ಮತ್ತೆ ಕೇಳಿದಳು.

ಅವ್ವ ನನ್ನ ಕಡೆ ತಿರುಗಿದಳು. "ಗೊತ್ತಿತ್ತು," ಅಂದೆ. "ಸ್ಕ್ಯಾನ್ ದಿನಾನ ಡಾಕ್ಟರ್ ಹೇಳಿದ್ರು."